ತೊಳೆದ ಗಡಿಗೆ

ಆ ಊರು ಯಾವ ದಿಕ್ಕಿಗಿದೆ ಅಂತ ಮಾತ್ರ ಕೇಳಬೇಡಿ. ಹೇಳಿದರೆ ನೀವು ಸುಮ್ಮನಿರುವ ಜನ ಅಲ್ಲ. ನಾಳೆ ಬೆಳಿಗ್ಗೆಯೇ ಹೋಗಿ, ಯಾರದೋ ಅಡುಗೆಮನೆಗೆ ನುಗ್ಗಿ, ಗಡಿಗೆಯ ಮುಚ್ಚಳ ಎತ್ತಿ ಇಣುಕಿಬಿಡುತ್ತೀರಿ. ಅಲ್ಲಿ ಹಾಗೆ ಇಣುಕಬಾರದು. ಊರಿಗೆ ಊರೇ ಒಂದು ನೇಮಕ್ಕೆ ಕಟ್ಟುಬಿದ್ದಿತ್ತು. ಮನೆಗೊಂದು ಗಡಿಗೆ, ಗಡಿಗೆಗೊಂದು ರುಚಿ. ಗಡಿಗೆಯನ್ನು ಬರಿದು ಮಾಡಬಾರದು, ಗಡಿಗೆಯನ್ನು ತೊಳೆಯಬಾರದು, ಗಡಿಗೆಯ ಸಾರನ್ನು ಇನ್ನೊಂದು ಮನೆಗೆ ಕೊಡಬಾರದು. ಇಷ್ಟೇ ನೇಮ.

ಗಡಿಗೆ ಅಂದರೆ ಬಳಪದ ಕಲ್ಲಿನ ಗಡಿಗೆ. ಮನೆಮಂದಿಯೆಲ್ಲ ಉಂಡ ಮೇಲೂ ತಳದಲ್ಲಿ ಒಂದು ಸೌಟು ಸಾರು ಉಳಿಯಲೇಬೇಕು. ಮರುದಿನ ಅದರ ಮೇಲೇ ನೀರು, ಅದರ ಮೇಲೇ ಬೇಳೆಕಟ್ಟು, ಅದರ ಮೇಲೇ ಒಂದು ಹಿಡಿ ಪುಡಿ. ಇವತ್ತಿನ ಸಾರು ನಿನ್ನೆಯ ಸಾರಿನ ಮೇಲೆ, ನಿನ್ನೆಯದು ಮೊನ್ನೆಯದರ ಮೇಲೆ, ಮೊನ್ನೆಯದು ಅಜ್ಜಿಯದರ ಮೇಲೆ, ಅಜ್ಜಿಯದು ಯಾರೂ ಕಾಣದ ಯಾವಳದೋ ಸಾರಿನ ಮೇಲೆ. ಹಾಗೆ ಕುದಿದು ಕುದಿದು ಗಡಿಗೆಯ ಒಳಮೈ ಕಪ್ಪಗೆ ದಪ್ಪಗೆ ಕಟ್ಟಿಕೊಂಡಿರುತ್ತಿತ್ತು. ಅದನ್ನು ಅವರು ಕೊಳೆ ಅನ್ನುತ್ತಿರಲಿಲ್ಲ, ಹಿರೀಕರು ಅನ್ನುತ್ತಿದ್ದರು.

ಇಷ್ಟೆಲ್ಲ ಯಾಕೆ ಅಂತೀರಾ? ಸಾಯುವ ಹೊತ್ತಿಗೆ ಬೇಕಾಗುತ್ತೆ ಅಂತ. ಆ ಊರಿನಲ್ಲಿ ಜೀವ ಹೋಗುವವರ ಬಾಯಿಗೆ ಗಂಗೆ ಬಿಡುವುದಿಲ್ಲ, ಮನೆಯ ಗಡಿಗೆಯಿಂದ ಒಂದು ಗುಟುಕು ಸಾರು ಬಿಡುತ್ತಾರೆ. ಆ ಕಡೆ ಹೋದವರೆಲ್ಲ ಮನೆಮನೆಯಾಗಿ ಪಂಕ್ತಿಯಲ್ಲಿ ಕೂತಿರುತ್ತಾರಂತೆ. ಹೊಸಬರು ಬಂದರೆ ಹೆಸರು ಕೇಳುವುದಿಲ್ಲ, ಕುಲ ಕೇಳುವುದಿಲ್ಲ. ‘ಎಲ್ಲಿ, ಬಾಯಿ ತೆಗಿ’ ಅನ್ನುತ್ತಾರೆ. ಬಾಯಲ್ಲಿ ತಮ್ಮ ಗಡಿಗೆಯ ಸಾರಿನ ವಾಸನೆ ಇದ್ದರೆ ಸರಿದು ಜಾಗ ಕೊಡುತ್ತಾರೆ. ಇಲ್ಲದಿದ್ದರೆ ಮುಂದಿನ ಪಂಕ್ತಿಗೆ ಕೈ ತೋರಿಸುತ್ತಾರೆ. ಪರಊರಿನವರಿಗೂ ಅಲ್ಲಿ ಜಾಗ ಇಲ್ಲ ಅಂತಲ್ಲ, ಇದೆ. ಬಾಗಿಲ ಹತ್ತಿರ, ಚಪ್ಪಲಿ ಬಿಡುವಲ್ಲಿ.

ನಾನು ಹೇಳಹೊರಟಿರುವ ಸೊಸೆ ಪರಊರಿನವಳು. ಹೊಳೆಯಾಚೆಯ ಊರು. ಅಲ್ಲಿ ಇಂಥ ನೇಮ ಇರಲಿಲ್ಲ. ದಿನದ ಪಾತ್ರೆ ದಿನವೇ ತಿಕ್ಕಿ ತೊಳೆದು ಬೋರಲು ಹಾಕುವ ಜನ ಅವರು. ಹೆಣ್ಣು ಒಳ್ಳೆಯವಳೋ ಕೆಟ್ಟವಳೋ ಅಂತ ಅವಳು ತಿಕ್ಕಿದ ಪಾತ್ರೆಯ ತಳ ನೋಡಿ ಹೇಳುತ್ತಿದ್ದರು.

ಅವಳು ಮದುವೆಯಾಗಿ ಬಂದ ದಿನ ಹೊಸಿಲಲ್ಲಿ ಒಂದು ಶಾಸ್ತ್ರ ನಡೆಯಿತು. ಹೆಣ್ಣಿನ ತಾಯಿ ತನ್ನ ಮನೆಯ ಸಾರನ್ನು ಒಂದು ಚೊಂಬಿನಲ್ಲಿ ತರಬೇಕು. ಗಂಡಿನ ತಾಯಿ ಅದರಲ್ಲಿ ಒಂದು ಹನಿ ನಾಲಿಗೆಗೆ ಹಚ್ಚಿ, ಉಳಿದದ್ದನ್ನು ಮೆಟ್ಟಿಲ ಪಕ್ಕಕ್ಕೆ ಸುರಿಯಬೇಕು. ಸೊಸೆ ಮೂರು ಸಲ ಬಾಯಿ ಮುಕ್ಕಳಿಸಿ, ಈ ಮನೆಯ ಗಡಿಗೆಯಿಂದ ಒಂದು ಸೌಟು ಕುಡಿದು ಒಳಗೆ ಕಾಲಿಡಬೇಕು. ಹೊರಗಿನ ರುಚಿ ಹೊರಗೇ ನಿಲ್ಲಲಿ ಅಂತ. ಬೇರೆ ಮನೆಯ ಅತ್ತೆಯರು ಒಂದು ಹನಿ ನೆಕ್ಕಿ, ‘ಚೆನ್ನಾಗಿದೆ, ಆದ್ರೆ ನಮ್ಮದಲ್ಲ’ ಅಂತ ಮೆಲ್ಲಗೆ ಸುರಿದುಬಿಡುತ್ತಿದ್ದರು. ಈ ಅತ್ತೆಗೆ ಮೆಲ್ಲಗೆ ಅನ್ನೋದೇ ಗೊತ್ತಿರಲಿಲ್ಲ. ನಾಲಿಗೆಗೆ ಹಚ್ಚಿದವಳೇ ಥೂ ಅಂತ ಉಗುಳಿದಳು.

“ಇದನ್ನ ನಿಮ್ಮೂರಲ್ಲಿ ಸಾರು ಅಂತಾರಾ? ನಮ್ಮೂರಲ್ಲಿ ಕಲಗಚ್ಚು ಅಂತಾರೆ, ಎಮ್ಮೆಗೆ ಇಡ್ತಾರೆ.”

ಜನ ಗೊಳ್ಳೆಂದು ನಕ್ಕರು. ಹೆಣ್ಣಿನ ತಾಯಿಯೂ ನಕ್ಕಳು. ಖಾಲಿ ಚೊಂಬನ್ನು ಸೆರಗಿನಲ್ಲಿ ಒರೆಸುತ್ತಾ, ಒರೆಸಿದ್ದನ್ನೇ ಒರೆಸುತ್ತಾ ನಕ್ಕಳು. ಸೊಸೆ ಅಮ್ಮನ ಕಡೆ ನೋಡಲಿಲ್ಲ. ಯಾರೋ ದಾರಿಹೋಕಳು ನಿಂತಿದ್ದಾಳೆ ಅನ್ನುವ ಹಾಗೆ ಮುಖ ತಿರುಗಿಸಿದಳು. ಅತ್ತೆಯ ಮೇಲೆ ಸಿಟ್ಟು ಬರಬೇಕಾಗಿತ್ತು, ಬರಲಿಲ್ಲ. ಬಂದದ್ದು ಅಮ್ಮನ ಬಗ್ಗೆ ನಾಚಿಕೆ. ಅಮ್ಮ ಯಾಕಾದರೂ ಈ ಹಳೇ ಚೊಂಬು ತಂದಳೋ, ಯಾಕಾದರೂ ನಗುತ್ತಿದ್ದಾಳೋ ಅಂತ. ಆ ನಾಚಿಕೆಯನ್ನು ನೆನೆದು ಅವಳು ಮುಂದೆ ಎಷ್ಟು ಸಲ ನಾಚಿದಳೋ, ಪಾಪ.

ಐದನೆಯ ದಿನ ಅತ್ತೆ ತನ್ನ ತಮ್ಮನ ಮನೆಗೆ ಹೊರಟಳು, ತಮ್ಮನ ಮಗಳ ಹೆರಿಗೆಗೆ. ಹೋಗುವಾಗ ಕೊಟ್ಟಿಗೆಯ ಬಗ್ಗೆ ಹೇಳಿದಳು, ಕಣಜದ ಬಗ್ಗೆ ಹೇಳಿದಳು, ಬೆಕ್ಕಿನ ಬಗ್ಗೆ ಕೂಡ ಹೇಳಿದಳು. ಗಡಿಗೆಯ ಬಗ್ಗೆ ಒಂದು ಮಾತೂ ಹೇಳಲಿಲ್ಲ. ಯಾಕೆ ಹೇಳುತ್ತಾಳೆ? ಉಸಿರಾಡಮ್ಮ ಅಂತ ಯಾರಾದರೂ ಸೊಸೆಗೆ ಹೇಳಿಕೊಡುತ್ತಾರಾ? ಗಡಿಗೆ ತೊಳೆಯುವ ಹೆಂಗಸು ಭೂಮಿಯ ಮೇಲೆ ಇರಬಹುದು ಅನ್ನುವುದೇ ಆ ಊರಿನವರ ಮನಸ್ಸಿಗೆ ಬಂದಿರಲಿಲ್ಲ. ಹೊಸಿಲಲ್ಲಿ ಕುಡಿದ ಸೌಟು ಸಾರನ್ನು ಸೊಸೆಯೂ ಮದುವೆಯ ನೂರೆಂಟು ಶಾಸ್ತ್ರಗಳಲ್ಲಿ ಇದೂ ಒಂದು ಅಂದುಕೊಂಡಿದ್ದಳು.

ಅತ್ತೆ ಬೀದಿ ತಿರುಗಿದ ಮೇಲೆ ಸೊಸೆ ಅಡುಗೆಮನೆಗೆ ಬಂದು ಗಡಿಗೆಯೊಳಗೆ ನೋಡಿದಳು. ಅಯ್ಯೋ ದೇವರೇ ಅಂದಳು. ಇಷ್ಟು ದೊಡ್ಡ ಮನೆ, ಇಷ್ಟು ಬಾಯಿ ಮಾಡುವ ಅತ್ತೆ, ಪಾತ್ರೆ ಮಾತ್ರ ಹೀಗೆ! ತೊಳೆದಿಟ್ಟರೆ ಅತ್ತೆ ಬಂದು ನೋಡಿ ಮೆಚ್ಚುತ್ತಾಳೆ. ಇವರಮ್ಮ ಸಾರು ಮಾಡೋಕೆ ಕಲಿಸದಿದ್ದರೂ ಪಾತ್ರೆ ತೊಳೆಯೋಕೆ ಕಲಿಸಿದ್ದಾಳೆ ಅನ್ನುತ್ತಾಳೆ. ಗಡಿಗೆಯನ್ನು ಎದೆಗೆ ಅಪ್ಪಿ ಹಿತ್ತಿಲಿಗೆ ಹೊತ್ತಳು. ತಳದಲ್ಲಿದ್ದ ಸಾರನ್ನು ಬಾಳೆಯ ಬುಡಕ್ಕೆ ಚೆಲ್ಲಿದಳು. ಬೂದಿ ಹಾಕಿ ತಿಕ್ಕಿದಳು, ತೆಂಗಿನನಾರು ಹಾಕಿ ತಿಕ್ಕಿದಳು. ಕಪ್ಪು ಹೋಗಿ ಕಂದು ಬಂತು, ಕಂದು ಹೋಗಿ ಕೆಂಪು ಬಂತು. ಮಧ್ಯಾಹ್ನದ ಹೊತ್ತಿಗೆ ಕೆಂಪೂ ಹೋಗಿ, ಕಲ್ಲಿನ ಸ್ವಂತ ಬೂದುಬಣ್ಣ ಬಂತು. ಉಗುರು ಕಿತ್ತು ನೆತ್ತರು ಬಂದರೂ ಅವಳು ಖುಷಿಯಲ್ಲಿ ಹಾಡಿಕೊಂಡೇ ಇದ್ದಳು.

ಆಮೇಲೆ ಬರಿದಾದ ಗಡಿಗೆಯಲ್ಲಿ ಸಾರು ಮಾಡಬೇಕಲ್ಲ, ತನಗೆ ಬರುತ್ತಿದ್ದ ಒಂದೇ ಸಾರನ್ನು ಮಾಡಿದಳು. ಕೊತ್ತಂಬರಿಬೀಜವನ್ನು ಕಪ್ಪಾಗುವುದಕ್ಕೆ ಒಂದು ಗಳಿಗೆ ಮುಂಚೆ ಇಳಿಸಬೇಕು. ಬೆಳ್ಳುಳ್ಳಿಯನ್ನು ಸಿಪ್ಪೆಸಮೇತ ಜಜ್ಜಬೇಕು. ಒಂದು ಈರುಳ್ಳಿಯನ್ನು ಕೆಂಡದಲ್ಲಿ ಸುಟ್ಟು ಹಾಕಬೇಕು. ಹುಣಸೆಬೀಜದಷ್ಟು ಬೆಲ್ಲ, ಅದಕ್ಕಿಂತ ಹೆಚ್ಚಿಲ್ಲ. ಅದು ಅವಳ ಅಮ್ಮನ ಸಾರು.

ಅತ್ತೆ ಬಂದದ್ದು ಹೋಗಿ ಹನ್ನೆರಡು ದಿನವಾದ ಮೇಲೆ. ಅಷ್ಟರಲ್ಲಿ ಗಂಡ ಒಂದು ದಿನ, “ನಮ್ಮನೇಲಿ ತಳದಲ್ಲಿ ಒಂದು ಸೌಟು ಉಳಿಸ್ತಾರೆ ಕಣೆ” ಅಂದಿದ್ದ, ಇವಳು ಉಳಿಸುತ್ತಾ ಬಂದಿದ್ದಳು. ಗಡಿಗೆ ಮತ್ತೆ ಕುದಿದು ಕಪ್ಪಾಗಿತ್ತು. ದಣಿದು ಬಂದ ಅತ್ತೆ ಕಾಲು ತೊಳೆದು ಎಲೆಯ ಮುಂದೆ ಕೂತಳು. ಒಂದು ತುತ್ತು ತಿಂದಳು. ಕಣ್ಣು ಮುಚ್ಚಿದಳು.

“ಹನ್ನೆರಡು ದಿನ ಕಂಡೋರ ಮನೆ ಸಾರು ತಿಂದು ನಾಲಿಗೆ ಸತ್ತು ಹೋಗಿತ್ತು. ಇದಪ್ಪಾ ನಮ್ಮನೆ ರುಚಿ! ಹಾಕೇ, ಇನ್ನೊಂದು ಸೌಟು ಹಾಕು.”

ಇದರಲ್ಲಿ ಆಶ್ಚರ್ಯವೇನೂ ಇಲ್ಲ. ಅತ್ತೆ ಉಂಡದ್ದು, ಅಷ್ಟು ದಿನ ಅವಳ ಮಗ ಉಂಡದ್ದೂ, ಸಾರನ್ನಲ್ಲ, ಗಡಿಗೆಯನ್ನು. ನಮ್ಮದು ಅಂದುಕೊಂಡ ಮೇಲೆ ನಾಲಿಗೆ ಎದುರಾಡುವುದಿಲ್ಲ. ಸೊಸೆ ಬಡಿಸುತ್ತಾ ಒಳಗೊಳಗೇ ಉಬ್ಬಿದಳು. ಊಟ ಮುಗಿಯಲಿ, ಗಡಿಗೆ ತೊಳೆದದ್ದನ್ನೂ ಹೇಳಿ ಇನ್ನೊಂದಿಷ್ಟು ಹೊಗಳಿಸಿಕೊಳ್ಳೋಣ ಅಂದುಕೊಂಡಳು. ಅತ್ತೆ ಕೈ ತೊಳೆಯುವುದಕ್ಕೂ ಎದುರು ಮನೆಯವಳು ಬಾಗಿಲಲ್ಲಿ ನಿಂತು ಕರೆಯುವುದಕ್ಕೂ ಸರಿಯಾಯಿತು. ಅವಳ ಮಾವನಿಗೆ ಕೊನೆಗಾಲ ಬಂದಿತ್ತು.

ಅತ್ತೆ ಸೊಸೆಯನ್ನೂ ಕರೆದುಕೊಂಡು ಹೋದಳು. ಎದುರು ಮನೆಯ ಮುದುಕ ಒಲೆಯ ಪಕ್ಕದ ಚಾಪೆಯ ಮೇಲೆ ಬಾಯಿ ತೆರೆದು ಮಲಗಿದ್ದ. ಬೀದಿಯಲ್ಲಿ ಜನ ನಿಂತಿದ್ದರು. ಅವನ ಸೊಸೆ ಎಲ್ಲರನ್ನೂ ಹೊರಗೆ ಕಳಿಸಿ, ಸೌಟು ಹಿಡಿದು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಅತ್ತೆ ಸೊಸೆಯ ಕಿವಿಯಲ್ಲಿ ಎಲ್ಲ ಹೇಳಿದಳು. ಗುಟುಕು ಹೇಳಿದಳು, ಪಂಕ್ತಿ ಹೇಳಿದಳು, ಬಾಯಿ ತೆಗೆಸಿ ನೋಡುವುದನ್ನು ಹೇಳಿದಳು. ಮೂರನೆಯ ವರ್ಷಕ್ಕೇ ಹೋದ ತನ್ನ ಚೊಚ್ಚಲ ಹೆಣ್ಣುಕೂಸಿನ ಬಗ್ಗೆ ಹೇಳಿದಳು.

“ನಾನೇ ಗುಟುಕು ಬಿಟ್ಟು ಕಳಿಸಿದ್ದು. ನಮ್ಮ ಪಂಕ್ತೀಲೇ ಇದ್ದಾಳೆ. ಅಲ್ಲಿ ಯಾರೂ ಬೆಳೆಯಲ್ಲವಂತೆ. ನಾನು ಹೋದಾಗ ಹಾಗೇ ಇರ್ತಾಳೆ, ಅಷ್ಟೇ ಎತ್ತರ.” ಅತ್ತೆ ಕೈಯಲ್ಲಿ ಎತ್ತರ ತೋರಿಸಿದಳು. “ಅದೊಂದು ಆಸೆ ಇಟ್ಟುಕೊಂಡು ಬದುಕಿದ್ದೀನಿ. ಗಡಿಗೆ ಹುಷಾರು ಕಣೆ. ಗಡಿಗೆ ಹೋದ್ರೆ ಎಲ್ಲ ಹೋಯ್ತು.”

ಭೂಮಿ ಬಾಯಿ ಬಿಟ್ಟಿದ್ದರೆ ಸೊಸೆ ಅಲ್ಲೇ ಇಳಿದುಬಿಡುತ್ತಿದ್ದಳು. ಬಿಡಲಿಲ್ಲ. ಅವಳು ಮನೆಗೆ ಬಂದು ಹಿತ್ತಿಲಿಗೆ ಓಡಿ ಬಾಳೆಯ ಬುಡದ ಮಣ್ಣನ್ನು ಕೆದಕಿ ನೋಡಿದಳು. ಅಲ್ಲಿ ಎರೆಹುಳ ಬಿಟ್ಟರೆ ಏನೂ ಇರಲಿಲ್ಲ.

ಅವತ್ತೇ ಹೇಳಬೇಕಾಗಿತ್ತು. ಅವತ್ತು ಹೇಳಲಿಲ್ಲ, ಮದುವೆಯಾಗಿ ಇನ್ನೂ ತಿಂಗಳಿಲ್ಲ ಅಂತ. ತಿಂಗಳಾದ ಮೇಲೆ ಹೇಳಲಿಲ್ಲ, ತಿಂಗಳು ಮುಚ್ಚಿಟ್ಟೆಯಾ ಅನ್ನುತ್ತಾರೆ ಅಂತ. ವರ್ಷವಾದ ಮೇಲೆ ಹೇಗೆ ಹೇಳುವುದು? ಬಾಯಲ್ಲಿ ಬಿಸಿತುಪ್ಪ, ನುಂಗುವ ಹಾಗಿಲ್ಲ, ಉಗುಳುವ ಹಾಗಿಲ್ಲ. ಬೀದಿಯಲ್ಲಿ ನಾಲ್ಕು ಹೆಂಗಸರು ಗುಂಪಾಗಿ ಮಾತಾಡುತ್ತಿದ್ದರೆ ಕುಂಬಳಕಾಯಿ ಕಳ್ಳನ ಹಾಗೆ ಹೆಗಲು ಮುಟ್ಟಿಕೊಳ್ಳುತ್ತಿದ್ದಳು. ಅತ್ತೆ ‘ನಮ್ಮನೆ ರುಚಿ’ ಅಂದಾಗಲೆಲ್ಲ ಕಿವಿಯ ತನಕ ಬಿಸಿಯಾಗುತ್ತಿತ್ತು. ಅತ್ತೆ ದಿನಕ್ಕೆ ಎರಡು ಸಲ ಹಾಗನ್ನುತ್ತಿದ್ದಳು, ಹೊತ್ತು ಹೊತ್ತಿಗೆ. ಹಬ್ಬ ಬಂದರೆ ಊಟದ ನಡುವೆ ಕೈ ನಿಲ್ಲಿಸಿ ಕೂಸಿನ ಎತ್ತರ ತೋರಿಸುತ್ತಿದ್ದಳು. ಆಗ ಸೊಸೆ ಏನೋ ಮರೆತವಳ ಹಾಗೆ ಒಳಗೆ ಎದ್ದುಹೋಗುತ್ತಿದ್ದಳು.

ಇನ್ನೊಂದು ನಾಚಿಕೆ ಇತ್ತು. ಅದನ್ನು ಅವಳು ತನಗೂ ಹೇಳಿಕೊಳ್ಳುತ್ತಿರಲಿಲ್ಲ, ನಾನು ನಿಮಗೆ ಹೇಳುತ್ತಿದ್ದೇನೆ. ಮದುವೆಯಾದ ಮರುವರ್ಷ ಅವಳ ಅಮ್ಮ ತೀರಿಕೊಂಡಳು. ಹೊಳೆ ದಾಟಿ ಹೋಗುವಷ್ಟರಲ್ಲಿ ಎಲ್ಲ ಮುಗಿದಿತ್ತು. ವಾಪಸು ಬಂದು, ಒಲೆ ಹಚ್ಚಿ, ಸಾರು ಕುದಿಸಿ, ಒಂದು ತುತ್ತು ಬಾಯಿಗಿಟ್ಟಳು. ಅಮ್ಮ ಅಲ್ಲೇ ಇದ್ದಳು. ಉಪ್ಪಿಗಿಂತ ರುಚಿಯಿಲ್ಲ, ತಾಯಿಗಿಂತ ಬಂಧುವಿಲ್ಲ ಅಂತಾರಲ್ಲ, ಅವಳಿಗೆ ಎರಡೂ ಒಂದೇ ತುತ್ತಿನಲ್ಲಿ ಸಿಕ್ಕಿತ್ತು. ಗಡಿಗೆ ತೊಳೆದದ್ದು ಒಳ್ಳೆಯದೇ ಆಯಿತು ಅಂತ ಅವಳಿಗೆ ಸಂತೋಷವಾಯಿತು. ಒಬ್ಬ ತಾಯಿಯಿಂದ ಅವಳ ಕೂಸನ್ನು ಕಿತ್ತುಕೊಂಡು, ಅದೇ ಗಡಿಗೆಯಲ್ಲಿ ತನ್ನ ತಾಯಿಯನ್ನು ಕೂರಿಸಿಕೊಂಡು, ಸಂತೋಷ! ಅವತ್ತಿನಿಂದ ಅವಳು ತಲೆ ತಗ್ಗಿಸಿ ನಡೆಯುವುದನ್ನು ಕಲಿತಳು. ಎಂಥಾ ವಿನಯದ ಸೊಸೆ ಅಂತ ಊರು ಹೊಗಳಿತು.

ಹೀಗೆ ಹತ್ತೊಂಬತ್ತು ವರ್ಷ ಕಳೆಯಿತು.

ಇಪ್ಪತ್ತನೆಯ ವರ್ಷ ಅತ್ತೆ ಹಾಸಿಗೆ ಹಿಡಿದಳು. ಮೂರು ದಿನ ಏನೂ ಸೇರಲಿಲ್ಲ. ನಾಲ್ಕನೆಯ ದಿನ ಬೆಳಿಗ್ಗೆ, ಬಿಸಿಲು ಇನ್ನೂ ಅಂಗಳಕ್ಕೆ ಇಳಿಯುತ್ತಿದ್ದಾಗ, ಅವಳು ಗಟ್ಟಿಯಾಗಿಯೇ ಅಂದಳು. “ಊರಿಗೆ ಹೇಳಿ ಕಳಿಸಿ. ನನ್ನ ಹೊತ್ತಾಯ್ತು.”

ಪದ್ಧತಿಯ ಹಾಗೆ ಚಾಪೆಯನ್ನು ಅಡುಗೆಮನೆಗೆ ತಂದು ಒಲೆಯ ಪಕ್ಕ ಹಾಸಿದರು. ಪದ್ಧತಿಯ ಹಾಗೆ ಸೌಟು ಹಿಡಿಯುವ ಸೊಸೆಯನ್ನು ಬಿಟ್ಟು ಎಲ್ಲರೂ ಹೊರಗೆ ಹೋದರು. ಗಂಡ ಜಗಲಿಯಲ್ಲಿ ತಲೆ ಹಿಡಿದು ಕೂತ. ಬೀದಿಯುದ್ದಕ್ಕೂ ಜನ ಬಂದು ನಿಂತರು, ಎದುರು ಮನೆಯವಳು ಎಲ್ಲರಿಗಿಂತ ಮುಂದೆ. ಅವರೆಲ್ಲ ಕಾಯುವುದು ಕೂಗಿಗೆ. ಗುಟುಕು ಬಿಟ್ಟ ಮೇಲೆ ಸೊಸೆ ಹೊಸಿಲಿಗೆ ಬಂದು, ಆ ಕಡೆಯವರಿಗೆ ಕೇಳಿಸುವ ಹಾಗೆ, ‘ಇಂಥಾ ಮನೆಯವರೇ, ನಿಮ್ಮವರು ಬರ್ತಿದ್ದಾರೆ, ಎಲೆ ಹಾಕಿ’ ಅಂತ ಮೂರು ಸಲ ಕೂಗಬೇಕು. ಕೂಗಿದ ಪಂಕ್ತಿಯಲ್ಲೇ ಎಲೆ ಬೀಳುತ್ತದೆ. ಕೂಗದಿದ್ದರೆ ಬೀಳುವುದಿಲ್ಲ.

ಒಳಗೆ ಸೊಸೆ ಬಾಗಿಲ ಅಗುಳಿ ಹಾಕಿದಳು. ಗಡಿಗೆಯ ಮುಚ್ಚಳ ತೆಗೆದಳು. ಸೌಟು ತುಂಬಿದಳು. ಅತ್ತೆಯ ತಲೆ ತೊಡೆಯ ಮೇಲಿಟ್ಟುಕೊಂಡಳು. ಅತ್ತೆ ಬಾಯಿ ತೆರೆದಳು. ಮುಖದಲ್ಲಿ ಎಂಥಾ ಖುಷಿ! ಜಾತ್ರೆಗೆ ಹೊರಟ ಹುಡುಗಿಗೂ ಅಷ್ಟು ಇರುವುದಿಲ್ಲ.

“ಬೇಗ ಬಿಡೇ. ಕೂಸು ಕಾಯ್ತಿದೆ.”

ಸೌಟು ಅರ್ಧದಲ್ಲಿ ನಿಂತಿತು. ಸಾರು ಅತ್ತೆಯ ಕತ್ತಿನ ಮೇಲೆ ಚೆಲ್ಲಿತು.

“ಅತ್ತೆ, ಇದನ್ನ ಕುಡೀಬೇಡಿ.”

“ಯಾಕೆ, ಹಳಸಿದೆಯಾ?”

“ಇದು ನಿಮ್ಮ ಗಡಿಗೆ ಸಾರಲ್ಲ. ನಾನು ಗಡಿಗೆ ತೊಳೆದುಬಿಟ್ಟೆ.”

“ಯಾವಾಗ?”

“ಮದುವೆಯಾದ ಐದನೇ ದಿನ. ನೀವು ಹೆರಿಗೆಗೆ ಹೋಗಿದ್ರಿ. ನಂಗೆ ಗೊತ್ತಿರಲಿಲ್ಲ. ಆಮೇಲೆ ಗೊತ್ತಾಯ್ತು, ಗೊತ್ತಾದ್ಮೇಲೂ ಹೇಳಲಿಲ್ಲ.”

ಅತ್ತೆ ಕತ್ತಿನ ಮೇಲೆ ಚೆಲ್ಲಿದ ಸಾರನ್ನು ಬೆರಳಿನಿಂದ ಮುಟ್ಟಿ ನೋಡಿದಳು. “ಹಂಗಾದ್ರೆ ಇಷ್ಟು ವರ್ಷ ನಾನು ಉಂಡದ್ದು ಏನು?”

“ನಮ್ಮಮ್ಮನ ಸಾರು.”

ಅತ್ತೆ ಕೈ ಎತ್ತಿದಳು. ಹೊಡೆಯುವುದಕ್ಕೇ ಎತ್ತಿದ್ದು, ಸುಳ್ಳು ಯಾಕೆ ಹೇಳಲಿ. ಹೊಡೆದಿದ್ದರೆ ಸೊಸೆಗೆ ಎಷ್ಟೋ ಹಗುರವಾಗುತ್ತಿತ್ತು. ಆದರೆ ಕೈಯಲ್ಲಿ ಕಸುವಿರಲಿಲ್ಲ, ಅದು ಹಾಗೇ ಚಾಪೆಯ ಮೇಲೆ ಬಿತ್ತು. “ನನ್ನ ಕೂಸು,” ಅಂದಳು. “ಲೇ, ನನ್ನ ಕೂಸು.” ಸೊಸೆ ನೆಲಕ್ಕೆ ಹಣೆ ಚಚ್ಚಿಕೊಂಡು ಅತ್ತಳು, ಹೊರಗೆ ಕೇಳಿಸದ ಹಾಗೆ ಸೆರಗು ಬಾಯಿಗೆ ತುರುಕಿಕೊಂಡು.

“ಅತ್ತಿದ್ದು ಸಾಕು, ಏಳು,” ಅಂದಳು ಅತ್ತೆ. “ಬೇರೆ ಪಾತ್ರೆ ಇಡು. ನಾನು ಹೇಳ್ತೀನಿ, ನೀನು ಮಾಡು. ನಮ್ಮ ಸಾರು ಮಾಡು. ಅಲ್ಲೀವರೆಗೂ ನಾನು ಜೀವ ಹಿಡಿದುಕೊಂಡಿರ್ತೀನಿ.”

ಸೊಸೆ ಎದ್ದಳು. ಒಲೆಗೆ ಕಟ್ಟಿಗೆ ತುರುಕಿದಳು. ನೀರಿಟ್ಟಳು, ಬೇಳೆಕಟ್ಟು ಬಿಟ್ಟಳು.

“ಪುಡಿ ಎಷ್ಟು?”

“ದಿನಾ ಹಾಕ್ತಿದ್ದಷ್ಟು. ಒಂದು ಹಿಡಿ.”

“ಅದು ಹಳೇ ಸಾರಿನ ಮೇಲೆ ಒಂದು ಹಿಡಿ. ಬರೀ ನೀರಿಗೆ ಎಷ್ಟು?”

ಅತ್ತೆ ಯೋಚಿಸಿದಳು. “ಮೂರು ಹಿಡಿ ಹಾಕಿ ನೋಡು.”

ಕುದಿಸಿ ತಂದು ನಾಲಿಗೆಗೆ ಹಚ್ಚಿದಳು. ಅತ್ತೆ ಮುಖ ಸಿಂಡರಿಸಿ, ಇದಲ್ಲ ಅಂದಳು. ಮೆಂತ್ಯ ಹುರಿದು ಹಾಕಿಸಿದಳು, ಮತ್ತೆ ಇದಲ್ಲ ಅಂದಳು. ಎಳ್ಳು ಹಾಕಿಸಿದಳು, ಹುರುಳಿ ಹಾಕಿಸಿದಳು, ಒಣಗಿದ ಕರಿಬೇವು ಪುಡಿ ಮಾಡಿ ಹಾಕಿಸಿದಳು. ಬಿಸಿಲು ಅಂಗಳದಿಂದ ಜಗಲಿಗೆ ಬಂತು. ಹೊರಗೆ ಜನ ಮುಖ ಮುಖ ನೋಡಿಕೊಂಡರು. ಸಾಯುವವರ ಮನೆಯಿಂದ ಒಗ್ಗರಣೆಯ ವಾಸನೆ ಬಂದದ್ದನ್ನು ಅವರು ಕಂಡಿದ್ದೇ ಇಲ್ಲ.

ಏಳನೆಯ ಸಲ ಸೊಸೆ ಸೌಟು ಚಾಚಿದಾಗ ಅತ್ತೆ ಕುಡಿಯಲೇ ಇಲ್ಲ.

“ಯಾವುದು ಅಂತ ನಂಗೇ ಗೊತ್ತಿಲ್ಲ ಕಣೆ,” ಅಂದಳು. “ನಾನು ಸಾರು ಮಾಡಿದ್ದೇ ಇಲ್ಲ. ಇದ್ದದ್ದಕ್ಕೆ ಸೇರಿಸ್ತಾ ಬಂದೆ, ಅಷ್ಟೇ. ನಮ್ಮತ್ತೆ ಅಷ್ಟೇ ಮಾಡಿದ್ದು. ಅವರತ್ತೆಯೂ ಅಷ್ಟೇ. ಎಲ್ಲ ಗಡಿಗೆ ನೋಡಿಕೊಳ್ಳುತ್ತೆ ಅಂತ ನಾವು ಯಾರೂ ಏನೂ ಕಲೀಲಿಲ್ಲ.” ಅವಳ ಕಣ್ಣಿನಿಂದ ನೀರು ಕಿವಿಯೊಳಕ್ಕೆ ಇಳಿಯಿತು. “ರುಚಿ ನೆನಪು ಮಾಡಿಕೊಳ್ಳೋಣ ಅಂದ್ರೆ ನಿಮ್ಮಮ್ಮನ ಸಾರೇ ಬಾಯಿಗೆ ಬರುತ್ತೆ. ನಾಚಿಕೆಗೇಡು.”

ಆ ಗಳಿಗೆಯಲ್ಲಿ ಅಡುಗೆಮನೆಯಲ್ಲಿ ಇಬ್ಬರು ಹೆಂಗಸರು ಒಬ್ಬರ ಮುಖ ಒಬ್ಬರು ನೋಡಲಾರದೆ ಗಡಿಗೆಯನ್ನೇ ನೋಡುತ್ತಿದ್ದರು.

“ಗುಟುಕೇ ಇಲ್ಲದೆ ಹೋದ್ರೆ?” ಸೊಸೆ ಕೇಳಿದಳು.

“ಯಾವ ಪಂಕ್ತಿಯೂ ಇಲ್ಲ. ಬಾಗಿಲಾಚೆ ನಿಂತಿರೋದು, ಯಾವಾಗಲೂ.” ಅತ್ತೆಯ ಉಸಿರು ಗೊರಗೊರ ಅನ್ನತೊಡಗಿತ್ತು. “ನಿಮ್ಮಮ್ಮ ಬಾಗಿಲ ಹತ್ತಿರ ಕೂತಿರ್ತಾಳೆ, ಅಲ್ವಾ? ಪರಊರವಳು.”

“ಹೂಂ.”

“ನಾನು ಅವಳ ಸಾರು ಉಗುಳಿದವಳು.”

“ಹೂಂ.”

“ಎಲೆ ಹಾಕ್ತಾಳಾ?”

ಸೊಸೆಗೆ ಅವತ್ತು ಹೊಸಿಲಲ್ಲಿ ತಿರುಗಿಸಿದ ತನ್ನ ಮುಖ ನೆನಪಾಯಿತು. ಅತ್ತೆ ಒಂದು ಸಲ ಉಗುಳಿದ್ದಳು. ಮಗಳು ಹತ್ತೊಂಬತ್ತು ವರ್ಷ ಅಮ್ಮನನ್ನು ಕಳ್ಳಮಾಲಿನ ಹಾಗೆ ಒಲೆಯ ಮೇಲೆ ಬಚ್ಚಿಟ್ಟಿದ್ದಳು. ಮನೆಗೆ ಬಂದವರು ಸಾರು ಹೊಗಳಿದಾಗ ಇದು ನಮ್ಮಮ್ಮನದು ಅಂತ ಒಂದೇ ಒಂದು ಸಲ ಅಂದವಳಲ್ಲ.

“ಹಾಕ್ತಾಳೆ,” ಅಂದಳು ಕೊನೆಗೆ. “ಹಸಿದು ಬಂದೋರಿ‌ಗೆ ಇಲ್ಲ ಅಂದೋಳಲ್ಲ. ಸಾರು ಎರಡು ಸಲ ಬಡಿಸ್ತಾಳೆ.”

“ಅವಳ ಹೆಸರೇನು?”

ಸೊಸೆ ಅತ್ತೆಯ ಮುಖ ನೋಡಿದಳು.

“ಏನು ನೋಡ್ತೀಯ? ಹೋಗಿ ಎದುರಿಗೆ ನಿಂತು ಏನಂತ ಕರೀಲಿ? ಬೀಗಿತ್ತೀ ಅಂತ ಕರೆಯೋ ಮುಖ ಇದೆಯಾ ನಂಗೆ? ಹೆಸರು ಹೇಳೇ.”

“ದುಂಡಮ್ಮ.”

“ದುಂಡಮ್ಮ,” ಅಂದಳು ಅತ್ತೆ. ಮನೆಪಾಠ ಒಪ್ಪಿಸುವವಳ ಹಾಗೆ ಇನ್ನೊಂದು ಸಲ ಅಂದಳು. “ದುಂಡಮ್ಮ. ತಪ್ಪಾಯ್ತು ದುಂಡಮ್ಮ. ಸರಿ, ಬಿಡು.” ಅವಳು ಬಾಯಿ ತೆರೆದಳು.

ಸೊಸೆ ಕಲ್ಲಿನ ಗಡಿಗೆಯಿಂದ ಸೌಟು ತುಂಬಿ ಅತ್ತೆಯ ಬಾಯಿಗೆ ಬಿಟ್ಟಳು. ಅತ್ತೆ ಅದನ್ನು ನಿಧಾನವಾಗಿ, ಮೊದಲನೆಯ ಸಲ ಕುಡಿಯುವವಳ ಹಾಗೆ, ನಾಲಿಗೆಯ ಮೇಲೆ ಆಡಿಸಿ ನುಂಗಿದಳು. ಚೆನ್ನಾಗಿದೆ ಅಂತ ಹೇಳಲು ಹೋದಳೋ ಏನೋ, ಮಾತು ಹೊರಗೆ ಬರಲಿಲ್ಲ. ಕೈ ಮಾತ್ರ ಚಾಪೆಯಿಂದ ಸ್ವಲ್ಪ ಮೇಲೆದ್ದಿತು, ಒಂದು ಮೂರು ವರ್ಷದ ಕೂಸಿನ ಎತ್ತರಕ್ಕೆ. ಆಮೇಲೆ ಇಳಿಯಿತು.

ಸೊಸೆ ಅತ್ತೆಯ ಬಾಯಿ ಒರೆಸಿ, ಕಣ್ಣು ಮುಚ್ಚಿ, ಎದ್ದು ಅಗುಳಿ ತೆಗೆದಳು.

ಹೊಸಿಲಿನಾಚೆ ಊರಿಗೆ ಊರೇ ನಿಂತಿತ್ತು. ಈಗ ಏನು ಕೂಗಿದರೂ ನಡೆಯುತ್ತಿತ್ತು. ಗಡಿಗೆ ಕಪ್ಪಗಿದೆ. ಗೊತ್ತಿದ್ದ ಒಬ್ಬಳು ಹೋದಳು. ಗಂಡನ ಮನೆಯ ಹೆಸರು ಕೂಗಿದರೆ ಸಾಕು, ಜನ ಕೈಮುಗಿದು ಚದುರುತ್ತಾರೆ, ವಿನಯದ ಸೊಸೆ ವಿನಯದ ಸೊಸೆಯಾಗಿಯೇ ಉಳಿಯುತ್ತಾಳೆ. ಆದರೆ ಎಲೆ ಬೀಳುವುದು ಗಂಡನ ಮನೆಯ ಪಂಕ್ತಿಯಲ್ಲಿ, ಅತ್ತೆ ನಿಲ್ಲುವುದು ಬಾಗಿಲ ಹತ್ತಿರ, ಅಮ್ಮನ ಪಂಕ್ತಿಯಲ್ಲಿ. ತಪ್ಪಾಯ್ತು ಅಂತ ಕೈಮುಗಿದು ನಿಂತೇ ಇರುತ್ತಾಳೆ, ಎಲೆಯಿಲ್ಲದೆ.

ಸೊಸೆ ಹೊಸಿಲಿಗೆ ಬಂದಳು. ಬಾಗಿಲ ಚೌಕಟ್ಟು ಹಿಡಿದುಕೊಂಡಳು.

“ದುಂಡಮ್ಮಾ!” ಅಂತ ಕೂಗಿದಳು. “ಹೊಳೆಯಾಚೆಯ ದುಂಡಮ್ಮಾ! ನಮ್ಮತ್ತೆ ಬರ್ತಿದ್ದಾರೆ, ಎಲೆ ಹಾಕು!”

ಬೀದಿಯಲ್ಲಿ ಒಂದು ಗುಸುಗುಸು ಶುರುವಾಗಿ ಈ ತುದಿಯಿಂದ ಆ ತುದಿಗೆ ಹರಿಯಿತು. ಎದುರು ಮನೆಯವಳು ಮೂಗಿನ ಮೇಲೆ ಬೆರಳಿಟ್ಟಳು. “ಯಾರೇ ಅದು ದುಂಡಮ್ಮ? ಯಾರ ಗಡಿಗೆ ಸಾರು ಬಿಟ್ಟೆಯೇ?” ಅಂತ ಕೇಳಿದಳು. ಗಂಡ ಜಗಲಿಯಿಂದ ಎದ್ದು ನಿಂತ.

ಸೊಸೆ ತಲೆ ತಗ್ಗಿಸಿದಳು. ಅವಳಿಗೆ ಅದು ಅಭ್ಯಾಸವಾಗಿತ್ತು. ಆದರೆ ಪದ್ಧತಿಯ ಹಾಗೆ ಮೂರು ಸಲ ಕೂಗಬೇಕು, ಇನ್ನೂ ಎರಡು ಬಾಕಿ ಇತ್ತು. ತಲೆ ತಗ್ಗಿಸಿ ಕೂಗಿದರೆ ಕೂಗು ಮೆಟ್ಟಿಲೂ ದಾಟುವುದಿಲ್ಲ.

ಅವಳು ತಲೆ ಎತ್ತಿದಳು. “ದುಂಡಮ್ಮಾ! ನಾನು ನಿನ್ನ ಮಗಳು! ಈ ಮನೆ ಗಡಿಗೆ ತೊಳೆದೋಳು ನಾನು, ತಪ್ಪು ನಂದು! ನಮ್ಮತ್ತೆ ಬರ್ತಿದ್ದಾರೆ, ಎಲೆ ಹಾಕು!”

ಯಾರೋ ಥೂ ಅಂತ ಅವಳ ಮೇಲೆ ಉಗುಳಿದರು. ಅವಳು ಅದನ್ನು ಒರೆಸಿಕೊಳ್ಳಲಿಲ್ಲ. ಎದೆತುಂಬ ಉಸಿರು ಎಳೆದುಕೊಂಡು, ಹೊಳೆಯಾಚೆಗೆ ಕೇಳಿಸುವ ಹಾಗೆ, ಹೊಳೆಗಿಂತ ಆಚೆಗೂ ಕೇಳಿಸುವ ಹಾಗೆ, ಮೂರನೆಯ ಸಲ ಕೂಗಿದಳು.

“ಅಮ್ಮಾ! ಒಳಗಿನ ಪಂಕ್ತೀಲಿ ಮೂರು ವರ್ಷದ ಒಂದು ಹೆಣ್ಣುಕೂಸಿದೆ! ಅದನ್ನ ಎತ್ತಿಕೊಂಡು ಬಾ, ಅವರಮ್ಮ ಬಾಗಿಲ ಹತ್ತಿರ ಕೂತಿರ್ತಾರೆ!”